ದೇವಿಯ ಮೆರವಣಿಗೆ ಮೂರು ಊರುಗಳ ಪಾಲಾಗಿದೆ: ನಮ್ಮ ಕ್ಷೇತ್ರದ ಸಂಸದರಿಗೊಂದು ಬಹಿರಂಗ ಪತ್ರ

ಇವರಿಗೆ,
ನಮ್ಮ ಕ್ಷೇತ್ರದ ಮಾನ್ಯ ಸಂಸತ್ ಸದಸ್ಯರು,
ಹೌಸ್ ಆಫ್ ಕಾಮನ್ಸ್, ಲಂಡನ್.

ವಿಷಯ: ಅಥೆನ್ಸಿನ ಪಾರ್ಥೆನಾನ್ ದೇಗುಲದ ಶಿಲ್ಪಗಳನ್ನು ಹಿಂದಿರುಗಿಸಲು ಅಡ್ಡಿಯಾಗಿರುವ 1963ರ ಬ್ರಿಟಿಷ್ ಮ್ಯೂಸಿಯಂ ಕಾಯ್ದೆಯನ್ನು ತಿದ್ದುಪಡಿ ಮಾಡುವ ಬಗ್ಗೆ.

ಮಾನ್ಯರೇ,

ನಾನು ಕರ್ನಾಟಕದಿಂದ ಬಂದು ಹದಿನಾಲ್ಕು ವರ್ಷಗಳಿಂದ ಲಂಡನ್ನಿನಲ್ಲಿ ನೆಲೆಸಿರುವವನು. ನನ್ನ ಬಳಿ ಇರುವುದು ಈಗಲೂ ಭಾರತದ ಪಾಸ್‌ಪೋರ್ಟ್. ಆದರೂ ಕಾಮನ್‌ವೆಲ್ತ್ ದೇಶದ ಪ್ರಜೆಯೆಂಬ ಕಾರಣಕ್ಕೆ ಇಲ್ಲಿನ ಕಾನೂನು ನನಗೆ ಸಂಸತ್ ಚುನಾವಣೆಯಲ್ಲಿ ಮತ ಹಾಕುವ ಹಕ್ಕು ಕೊಟ್ಟಿದೆ, ಆ ಹಕ್ಕಿನಿಂದಲೇ ಈ ಪತ್ರ ಬರೆಯುತ್ತಿದ್ದೇನೆ. ಇದರ ಇಂಗ್ಲಿಷ್ ಪ್ರತಿಯನ್ನು ನಿಮ್ಮ ಕಚೇರಿಗೆ ಪ್ರತ್ಯೇಕವಾಗಿ ಕಳುಹಿಸಿದ್ದೇನೆ. ಕನ್ನಡದಲ್ಲಿ ಬಹಿರಂಗವಾಗಿ ಪ್ರಕಟಿಸುತ್ತಿರುವುದು, ಈ ದೇಶದಲ್ಲಿ ಮತ ಹಾಕುವ ಇತರ ಕನ್ನಡಿಗರೂ ತಂತಮ್ಮ ಸಂಸದರ ಮುಂದೆ ಇದೇ ಬೇಡಿಕೆಯನ್ನು ಇಡಲಿ ಎಂಬ ಉದ್ದೇಶದಿಂದ.

ಎರಡು ವರ್ಷಗಳ ಹಿಂದೆ ನನ್ನ ತಾಯಿ ಊರಿನಿಂದ ಬಂದಿದ್ದಾಗ ಅವರನ್ನು ಬ್ರಿಟಿಷ್ ಮ್ಯೂಸಿಯಮ್ಮಿನ 18ನೇ ಕೊಠಡಿಗೆ ಕರೆದೊಯ್ದಿದ್ದೆ. ಅಲ್ಲಿನ ವಿವರಣೆಯ ಫಲಕಗಳನ್ನು ಓದಲು ಅಮ್ಮನಿಗೆ ಬರುವುದಿಲ್ಲ. ಗೋಡೆಯುದ್ದಕ್ಕೂ ಸಾಗುವ ಕುದುರೆ ಸವಾರರನ್ನೂ ಬಲಿಗೆ ಹೊರಟ ಹಸುಗಳನ್ನೂ ನೋಡುತ್ತ ಬಂದವರು ಒಂದು ಕಲ್ಲಿನೆದುರು ನಿಂತುಬಿಟ್ಟರು. ಆ ಕಲ್ಲಿನಲ್ಲಿ ಉದ್ದನೆಯ ನಿಲುವಂಗಿ ತೊಟ್ಟ ಹಿರಿಯನೊಬ್ಬ ಮತ್ತು ಒಂದು ಮಗು ಸೇರಿ ದೊಡ್ಡದೊಂದು ಬಟ್ಟೆಯನ್ನು ಹಿಡಿದು ಮಡಿಸುತ್ತಿದ್ದಾರೆ. ಮಡಿಕೆಗಳು ಒಂದರ ಕೆಳಗೊಂದು ಇಳಿದಿವೆ, ಅಂಚು ಮಗುವಿನ ಕೈಯಲ್ಲಿದೆ. “ದೇವಿಗೆ ಸೀರೆ ಒಪ್ಪಿಸ್ತಾ ಇದ್ದಾರೆ ಅಲ್ವೇನೋ?” ಎಂದು ಅಮ್ಮ ಕೇಳಿದರು. ನಾನು ಅಲ್ಲಿಯವರೆಗೆ ಅವರಿಗೆ ಏನನ್ನೂ ಹೇಳಿರಲಿಲ್ಲ.

ಅಮ್ಮ ಹೇಳಿದ್ದು ನಿಜ. ಪಾರ್ಥೆನಾನ್ ಎಂಬುದು ಅಥೆನ್ಸ್ ನಗರದ ಅಧಿದೇವತೆಯಾದ ಅಥೀನಾಳ ಗುಡಿ. ಪೆರಿಕ್ಲಿಸನ ಆಡಳಿತದಲ್ಲಿ, ಇಕ್ಟಿನಸ್ ಮತ್ತು ಕ್ಯಾಲಿಕ್ರೇಟಿಸ್ ಎಂಬ ವಾಸ್ತುಶಿಲ್ಪಿಗಳು ಕ್ರಿಸ್ತಪೂರ್ವ 447ರಲ್ಲಿ ಅದರ ಕೆಲಸ ಆರಂಭಿಸಿದರು. ಶಿಲ್ಪಗಳ ಉಸ್ತುವಾರಿ ಫಿಡಿಯಾಸನದಾಗಿತ್ತು. ಚಿನ್ನ ಮತ್ತು ದಂತದಲ್ಲಿ ಅವನೇ ಮಾಡಿದ, ಹನ್ನೊಂದು ಮೀಟರಿಗೂ ಎತ್ತರದ ಅಥೀನಾ ವಿಗ್ರಹ ಕ್ರಿಸ್ತಪೂರ್ವ 438ರಲ್ಲಿ ಒಳಗೆ ಪ್ರತಿಷ್ಠೆಯಾಯಿತು. ಹೊರಗಿನ ಶಿಲ್ಪಕೆಲಸ 432ರ ಹೊತ್ತಿಗೆ ಮುಗಿಯಿತು. ಗುಡಿಯ ಒಳಗೋಡೆಯ ನೆತ್ತಿಯಲ್ಲಿ ನಾಲ್ಕೂ ಸುತ್ತ ಒಂದು ಮೀಟರ್ ಎತ್ತರದ, 160 ಮೀಟರ್ ಉದ್ದದ ಶಿಲ್ಪಪಟ್ಟಿಕೆಯೊಂದು ಹರಿದಿತ್ತು. ಅದರಲ್ಲಿರುವುದು ಅಥೀನಾಳ ಉತ್ಸವದ ಮೆರವಣಿಗೆಯೆಂದು ಹೆಚ್ಚಿನ ವಿದ್ವಾಂಸರು ಒಪ್ಪಿದ್ದಾರೆ. ನಾಲ್ಕು ವರ್ಷಕ್ಕೊಮ್ಮೆ ನಡೆಯುತ್ತಿದ್ದ ದೊಡ್ಡ ಜಾತ್ರೆಯಲ್ಲಿ, ಊರಿನ ಹೆಣ್ಣುಮಕ್ಕಳು ತಿಂಗಳುಗಟ್ಟಲೆ ಕೂತು ನೇಯ್ದ ‘ಪೆಪ್ಲೊಸ್’ ಎಂಬ ಕೇಸರಿ ವರ್ಣದ ವಸ್ತ್ರವನ್ನು ಇಡೀ ನಗರವೇ ಅಕ್ರೊಪೊಲಿಸ್ ಗುಡ್ಡ ಹತ್ತಿಸಿ ತಂದು ದೇವಿಗೆ ಅರ್ಪಿಸುತ್ತಿತ್ತು. ಆ ವಸ್ತ್ರ ಸಲ್ಲುತ್ತಿದ್ದುದು ಫಿಡಿಯಾಸನ ಚಿನ್ನದ ವಿಗ್ರಹಕ್ಕಲ್ಲ. ಅದೇ ಗುಡ್ಡದ ಮೇಲೆ ಬಹುಕಾಲದಿಂದ ಪೂಜೆಗೊಳ್ಳುತ್ತಿದ್ದ, ಆಲಿವ್ ಮರದ ಸಣ್ಣ ಮೂಲವಿಗ್ರಹಕ್ಕೆ. ಜನರ ಭಕ್ತಿ ಹಳೆಯ ಮರದ ದೇವಿಯ ಮೇಲೆಯೇ ಉಳಿದದ್ದು ನನಗಂತೂ ತೀರ ಸಹಜವಾಗಿ ಕಾಣುತ್ತದೆ.

ಈಗ ನಾನು ಹೇಳಬೇಕೆಂದಿರುವ ಮಾತಿಗೆ ಬರುತ್ತೇನೆ. ಅಮ್ಮ ನಿಂತು ನೋಡಿದ ಕಲ್ಲು ಪೂರ್ವ ದಿಕ್ಕಿನ ಐದನೆಯ ಫಲಕ. ಬಟ್ಟೆ ಮಡಿಸುವವರ ಬಲಕ್ಕೆ, ಅವರಿಗೆ ಬೆನ್ನುಹಾಕಿ ಅಥೀನಾ ಕೂತಿದ್ದಾಳೆ. ಅವಳ ಪಕ್ಕದಲ್ಲಿ ಕಮ್ಮಾರ ದೇವನಾದ ಹೆಫೆಸ್ಟಸ್. ಅಲ್ಲಿಗೆ ಲಂಡನ್ನಿನ ಕಲ್ಲು ಮುಗಿಯುತ್ತದೆ. ಅದಕ್ಕೆ ಅಂಟಿಕೊಂಡೇ ಇದ್ದ ಆರನೆಯ ಫಲಕದಲ್ಲಿ ಸಮುದ್ರರಾಜ ಪೊಸೈಡನ್, ಅಪೊಲೊ, ಆರ್ಟೆಮಿಸ್ ಸಾಲಾಗಿ ಕೂತಿದ್ದಾರೆ. ಆ ಫಲಕ ಅಥೆನ್ಸಿನಲ್ಲಿದೆ. ಅದರ ಪಕ್ಕದ ಏಳನೆಯ ಫಲಕದಲ್ಲಿ, ಆ ವಸ್ತ್ರವನ್ನು ನೇಯ್ದವರೆಂದು ಗುರುತಿಸಲಾಗುವ ಯುವತಿಯರು ತಲೆತಗ್ಗಿಸಿ ನಡೆದು ಬರುತ್ತಿದ್ದಾರೆ. ಅವರು ಪ್ಯಾರಿಸ್ಸಿನ ಲೂವ್ರ್ ಮ್ಯೂಸಿಯಮ್ಮಿನಲ್ಲಿದ್ದಾರೆ. ಒಂದರ ಪಕ್ಕ ಒಂದು ನಿಂತಿದ್ದ ಮೂರು ಕಲ್ಲುಗಳು ಇಂದು ಮೂರು ದೇಶಗಳಲ್ಲಿವೆ. ಬಟ್ಟೆ ಒಂದು ಊರಿನಲ್ಲಿ, ನೇಯ್ದವರು ಇನ್ನೊಂದು ಊರಿನಲ್ಲಿ, ನೋಡಲು ಕೂತ ದೇವತೆಗಳು ಮತ್ತೊಂದು ಊರಿನಲ್ಲಿ. ಮೆರವಣಿಗೆಯ ಹಿಂದಿನ ಗೋಡೆಯನ್ನು ಬಿಟ್ಟು ನೋಡಿದರೂ ಇದು ಒಂದೇ ಕೃತಿ, ಒಂದೇ ಉಸಿರಿನಲ್ಲಿ ಕೆತ್ತಿದ್ದು.

ಪಟ್ಟಿಕೆಯಲ್ಲಷ್ಟೇ ಹೀಗಾಗಿದೆಯೆಂದು ತಿಳಿಯಬೇಡಿ. ಅಥೀನಾ ಮತ್ತು ಪೊಸೈಡನ್ ನಗರದ ಒಡೆತನಕ್ಕಾಗಿ ಸ್ಪರ್ಧಿಸಿದ ಕಥೆ ಗುಡಿಯ ಪಶ್ಚಿಮ ಮುಖದ ತ್ರಿಕೋನದಲ್ಲಿತ್ತು. ಆ ಪೊಸೈಡನನ ಎದೆಯ ಮುಂಭಾಗ ಅಥೆನ್ಸಿನಲ್ಲಿದೆ, ಅದೇ ಮೈಯ ಭುಜ ಮತ್ತು ಬೆನ್ನು ಲಂಡನ್ನಿನಲ್ಲಿವೆ. ಅದೇ ಗುಡ್ಡದ ಎರೆಕ್ಥಿಯಾನ್ ಗುಡಿಯಲ್ಲಿ ಕಂಬಗಳ ಬದಲು ತಲೆಯ ಮೇಲೆ ಮಾಡು ಹೊತ್ತು ನಿಂತ ಆರು ಕನ್ಯೆಯರಿದ್ದರು. ಐವರು ಅಥೆನ್ಸಿನ ಮ್ಯೂಸಿಯಮ್ಮಿನಲ್ಲಿ ನಿಂತಿದ್ದಾರೆ, ಆರನೆಯವಳ ಜಾಗವನ್ನು ಅಲ್ಲಿ ಖಾಲಿ ಬಿಟ್ಟಿದ್ದಾರೆ, ಅವಳೊಬ್ಬಳು ನಮ್ಮ ನಗರದಲ್ಲಿದ್ದಾಳೆ.

ಇವು ಇಲ್ಲಿಗೆ ಬಂದ ಬಗೆ ನಿಮಗೆ ತಿಳಿದದ್ದೇ. ಏಳನೆಯ ಲಾರ್ಡ್ ಎಲ್ಗಿನ್ 1799ರಲ್ಲಿ ತುರ್ಕಿಯ ಆಟೊಮನ್ ಆಸ್ಥಾನಕ್ಕೆ ಬ್ರಿಟನ್ನಿನ ರಾಯಭಾರಿಯಾಗಿ ಹೊರಟ. ಅದೇ ವರ್ಷದ ಮೇ 4ರಂದು ನಮ್ಮ ಶ್ರೀರಂಗಪಟ್ಟಣ ಬಿದ್ದು ಅರಮನೆ ಲೂಟಿಯಾಗಿತ್ತು. (ಕನ್ನಡ ಓದುಗರಿಗಾಗಿ ಒಂದು ಮಾತು: 1862ರಲ್ಲಿ ಭಾರತದ ವೈಸರಾಯ್ ಆಗಿ ಬಂದ ಲಾರ್ಡ್ ಎಲ್ಗಿನ್ ಈತನ ಮಗ.) 1801ರಿಂದ ಅವನ ಕಡೆಯವರು ಗುಡಿಯ ಮೇಲೆ ಕೈಹಾಕಿದರು. ಆಗ ಅಥೆನ್ಸ್ ಆಟೊಮನ್ನರ ಕೈಯಲ್ಲಿತ್ತು. ಗ್ರೀಕರ ಅನುಮತಿ ಕೇಳುವ ಪ್ರಶ್ನೆಯೇ ಬರಲಿಲ್ಲ. ಎಲ್ಗಿನ್ ತೋರಿಸಿದ ಅನುಮತಿಪತ್ರದ ಮೂಲ ಇಂದಿಗೂ ಸಿಕ್ಕಿಲ್ಲ, ಉಳಿದಿರುವುದು ಅದರ ಇಟಾಲಿಯನ್ ಅನುವಾದ ಮಾತ್ರ. ಫಲಕಗಳನ್ನು ಹೊರತೆಗೆಯಲು ಅವುಗಳ ಮೇಲಿನ ಕಲ್ಲುಗಳನ್ನು ಒಡೆದು ಕೆಡವಿದರು. ಪಟ್ಟಿಕೆಯ ಕಲ್ಲುಗಳು ಸಾಗಿಸಲು ಭಾರವೆಂದು ಅವುಗಳ ಹಿಂಭಾಗವನ್ನು ಗರಗಸದಿಂದ ಕೊಯ್ದರು. ಕೆಲಸದ ಮೇಲ್ವಿಚಾರಕನಾಗಿದ್ದ ಚಿತ್ರಕಾರ ಲುಸಿಯೆರಿಯೇ, ಸ್ವಲ್ಪ ಬರ್ಬರವಾಗಿ ನಡೆದುಕೊಳ್ಳಬೇಕಾಯಿತೆಂದು 1802ರಲ್ಲಿ ತನ್ನ ಧಣಿಗೆ ಬರೆದು ಒಪ್ಪಿಕೊಂಡಿದ್ದಾನೆ.

1816ರಲ್ಲಿ ಈ ವ್ಯವಹಾರ ನಿಮ್ಮ ಸದನಕ್ಕೆ ಬಂತು. ಸಾಲದಲ್ಲಿ ಮುಳುಗಿದ್ದ ಎಲ್ಗಿನ್‌ನಿಂದ 35,000 ಪೌಂಡಿಗೆ ಶಿಲ್ಪಗಳನ್ನು ಕೊಳ್ಳಬೇಕೆಂಬ ನಿರ್ಣಯ 82 ಮತಗಳನ್ನು ಪಡೆದು ಗೆದ್ದಿತು. 30 ಸದಸ್ಯರು ಅದನ್ನು ವಿರೋಧಿಸಿದರು. ಆ ಚರ್ಚೆಯಲ್ಲಿ ಹ್ಯೂ ಹ್ಯಾಮರ್ಸ್ಲಿ ಎಂಬ ಸದಸ್ಯರು ಒಂದು ತಿದ್ದುಪಡಿ ತಂದಿದ್ದರು: ಬ್ರಿಟನ್ ಈ ಶಿಲ್ಪಗಳ ಒಡೆಯನಾಗಬಾರದು, ಅಥೆನ್ಸಿನ ಇಂದಿನ ಅಥವಾ ಮುಂದಿನ ವಾರಸುದಾರರು ಬಂದು ಕೇಳುವ ತನಕ ನಂಬಿಕೆಯ ಮೇಲೆ ಇಟ್ಟುಕೊಂಡು ಕಾಯುವವನಾಗಿರಬೇಕು ಎಂಬುದು ಅದರ ತಾತ್ಪರ್ಯ. ಆ ತಿದ್ದುಪಡಿ ಬಿದ್ದುಹೋಯಿತು. ಆದರೆ ಇನ್ನೂರಕ್ಕೂ ಹೆಚ್ಚು ವರ್ಷಗಳ ಹಿಂದೆ, ಗ್ರೀಸ್ ಎಂಬ ಸ್ವತಂತ್ರ ದೇಶವೇ ಇಲ್ಲದಿದ್ದ ಕಾಲದಲ್ಲಿ, ಒಬ್ಬ ಬ್ರಿಟಿಷ್ ಸಂಸದರಿಗೆ ಇದು ನ್ಯಾಯವೆಂದು ತೋಚಿತ್ತು. ಮುಂದಿನ ವಾರಸುದಾರರು ಈಗ ಬಂದಿದ್ದಾರೆ. 1982ರಲ್ಲಿ ಮೆಕ್ಸಿಕೊದಲ್ಲಿ ನಡೆದ ಯುನೆಸ್ಕೊ ಸಮ್ಮೇಳನದಲ್ಲಿ ಗ್ರೀಸಿನ ಸಂಸ್ಕೃತಿ ಸಚಿವೆ ಮೆಲಿನಾ ಮೆರ್ಕೂರಿ ಈ ಬೇಡಿಕೆಯನ್ನು ಜಗತ್ತಿನ ಮುಂದಿಟ್ಟರು, ಮರುವರ್ಷ ಗ್ರೀಸ್ ಅಧಿಕೃತವಾಗಿ ಕೇಳಿತು, ಇಂದಿಗೂ ಕೇಳುತ್ತಲೇ ಇದೆ.

ಹಿಂದಿರುಗಿಸಬಾರದೆನ್ನುವವರ ವಾದಗಳನ್ನು ನಾನು ಹಗುರವಾಗಿ ಕಾಣುವುದಿಲ್ಲ. ಎಲ್ಗಿನ್ ತರದಿದ್ದರೆ ಎಷ್ಟೋ ಶಿಲ್ಪಗಳು ಉಳಿಯುತ್ತಿರಲಿಲ್ಲ ಎನ್ನುವವರಿದ್ದಾರೆ. 1687ರಲ್ಲಿ ವೆನಿಸಿನ ಸೈನ್ಯ ಹಾರಿಸಿದ ಗುಂಡಿಗೆ, ಗುಡಿಯೊಳಗೆ ಆಟೊಮನ್ನರು ಶೇಖರಿಸಿದ್ದ ಮದ್ದು ಸಿಡಿದು ಕಟ್ಟಡದ ನಡುಭಾಗವೇ ಹಾರಿಹೋಗಿತ್ತು. ಆಮೇಲೆ ಬಿದ್ದ ಅಮೃತಶಿಲೆಯನ್ನು ಸುಟ್ಟು ಸುಣ್ಣ ಮಾಡಿದವರೂ ಇದ್ದರು. ಆ ಕಾಲಕ್ಕೆ ರಕ್ಷಣೆಯ ಮಾತಿನಲ್ಲಿ ಹುರುಳಿದ್ದಿರಬಹುದು. ಆದರೆ ಕಾಪಾಡಿದ್ದಕ್ಕೆ ಕೃತಜ್ಞತೆ ಸಲ್ಲಬಹುದೇ ಹೊರತು ಒಡೆತನ ಸಲ್ಲುವುದಿಲ್ಲ. ಅಲ್ಲದೆ ಕಾಪಾಡುವುದರಲ್ಲಿ ಲಂಡನ್ನೂ ಎಡವಿದೆ: 1937 ಮತ್ತು 1938ರಲ್ಲಿ, ಶಿಲ್ಪಗಳು ಇನ್ನಷ್ಟು ಬೆಳ್ಳಗೆ ಕಾಣಲೆಂದು ತಾಮ್ರದ ಉಪಕರಣಗಳಿಂದ ಅವುಗಳ ಮೈಯನ್ನು ಉಜ್ಜಲಾಯಿತು, ಶತಮಾನಗಳ ಹೊಂಬಣ್ಣದ ಪದರ ಹಲವೆಡೆ ಹೋಯಿತು.

ಅಥೆನ್ಸಿನಲ್ಲಿ ತಕ್ಕ ಜಾಗವಿಲ್ಲವೆಂಬ ಮಾತಂತೂ 2009ರ ಜೂನಿನಲ್ಲಿ ಅಲ್ಲಿನ ಅಕ್ರೊಪೊಲಿಸ್ ಮ್ಯೂಸಿಯಂ ತೆರೆದಂದೇ ಮುಗಿಯಿತು. ಕಳೆದ ವರ್ಷ ನಾನು ಅಲ್ಲಿಗೆ ಹೋಗಿದ್ದೆ. ಅದರ ಮೇಲಂತಸ್ತಿನ ಗಾಜಿನ ಕೋಣೆಯನ್ನು ಪಾರ್ಥೆನಾನಿನ ದಿಕ್ಕಿಗೇ ತಿರುಗಿಸಿ ಕಟ್ಟಿದ್ದಾರೆ. ಪಟ್ಟಿಕೆಯನ್ನು ಗುಡಿಯಲ್ಲಿದ್ದ ಅಳತೆಯಲ್ಲೇ, ಅದೇ ಅನುಕ್ರಮದಲ್ಲಿ ಜೋಡಿಸಿದ್ದಾರೆ. ಶಿಲ್ಪದಿಂದ ತಲೆಯೆತ್ತಿದರೆ ಗಾಜಿನಾಚೆ ಗುಡ್ಡದ ಮೇಲೆ ಅದು ಇದ್ದ ಗುಡಿಯೇ ಕಾಣುತ್ತದೆ. ಅಥೆನ್ಸಿನಲ್ಲಿ ಉಳಿದ ಸುಮಾರು 50 ಮೀಟರ್ ಮೂಲ ಕಲ್ಲು ಜೇನುಬಣ್ಣದಲ್ಲಿದೆ. ಲಂಡನ್ನಿನಲ್ಲಿರುವ ಸುಮಾರು 75 ಮೀಟರಿನ ಜಾಗದಲ್ಲಿ ಅಚ್ಚುತೆಗೆದ ಬಿಳಿ ಗಾರೆಯ ಪ್ರತಿಗಳಿವೆ. ಮೆರವಣಿಗೆಯ ಜೊತೆ ನಡೆಯುತ್ತ ಹೋದರೆ ನಾಲ್ಕು ಹೆಜ್ಜೆ ಕಲ್ಲು, ಆರು ಹೆಜ್ಜೆ ಗಾರೆ, ಮತ್ತೆ ಕಲ್ಲು. ಐದನೆಯ ಫಲಕದ ಮುಂದೆ ನಿಂತೆ. ಬಟ್ಟೆ, ಮಗು, ಅಥೀನಾ ಎಲ್ಲವೂ ಗಾರೆ. ಅಲ್ಲಿಂದ ಒಂದು ಹೆಜ್ಜೆ ಬಲಕ್ಕೆ ಪೊಸೈಡನ್ ನಿಜವಾದ ಕಲ್ಲಿನಲ್ಲಿ ಕೂತಿದ್ದಾನೆ.

ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿ ಜಗತ್ತಿನ ಎಲ್ಲ ನಾಗರಿಕತೆಗಳನ್ನು ಒಂದೇ ಸೂರಿನಡಿ, ಅದೂ ಉಚಿತವಾಗಿ ನೋಡಬಹುದೆಂಬ ವಾದವನ್ನು ನಾನು ಗೌರವಿಸುತ್ತೇನೆ. ನನ್ನ ಮಕ್ಕಳು ಅದರ ಫಲ ಉಂಡಿದ್ದಾರೆ. ಆದರೆ ಒಂದು ಬಿಡಿ ಕಲಶವನ್ನೋ ನಾಣ್ಯವನ್ನೋ ದೂರದ ಊರಿನಲ್ಲಿಟ್ಟು ತೋರಿಸುವುದು ಬೇರೆ, ಇನ್ನೂ ನಿಂತಿರುವ ಕಟ್ಟಡವೊಂದರ ಅಂಗವನ್ನು ಕತ್ತರಿಸಿಟ್ಟು ತೋರಿಸುವುದು ಬೇರೆ. ಇದನ್ನು ಕೊಟ್ಟರೆ ನಾಳೆ ಎಲ್ಲರೂ ಎಲ್ಲವನ್ನೂ ಕೇಳುತ್ತಾರೆ, ನಿಮ್ಮವರೇ ಟಿಪ್ಪುವಿನ ಹುಲಿಯನ್ನು ಕೇಳುತ್ತಾರೆ ಎಂದು ಇಲ್ಲಿನ ಸ್ನೇಹಿತರೊಬ್ಬರು ನನಗೆ ಹೇಳಿದರು. ಕೇಳಬಹುದು. ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಮ್ಮಿನಲ್ಲಿರುವ ಆ ಮರದ ಹುಲಿ ಯುದ್ಧದಲ್ಲಿ ವಶಪಡಿಸಿಕೊಂಡ ವಸ್ತು, ಅದಕ್ಕೆ ಅನ್ವಯಿಸುವ ಕಾನೂನೂ ಬೇರೆ. ಅದರ ನ್ಯಾಯವನ್ನು ಅದರ ಗುಣಾವಗುಣದ ಮೇಲೆಯೇ ತೀರ್ಮಾನಿಸಬೇಕು. ಮುಂದೆ ಯಾರೋ ಇನ್ನೇನನ್ನೋ ಕೇಳಬಹುದೆಂಬ ಅಂಜಿಕೆಯಿಂದ ಇಂದು ಕೇಳಿದವರಿಗೆ ನ್ಯಾಯ ನಿರಾಕರಿಸುವುದು ಸರಿಯಲ್ಲ.

ಬೇರೆಯವರು ಈಗಾಗಲೇ ದಾರಿ ತೋರಿಸಿದ್ದಾರೆ. ಜರ್ಮನಿಯ ಹೈಡೆಲ್‌ಬರ್ಗ್ ವಿಶ್ವವಿದ್ಯಾಲಯ 2006ರಲ್ಲಿ ಪಟ್ಟಿಕೆಯ ಒಂದು ತುಣುಕನ್ನು ಹಿಂದಿರುಗಿಸಿತು. ವ್ಯಾಟಿಕನ್ನಿನಲ್ಲಿದ್ದ ಮೂರು ತುಣುಕುಗಳು 2023ರಲ್ಲಿ ಅಥೆನ್ಸ್ ಸೇರಿದವು. ನನ್ನ ಮನಸ್ಸಿಗೆ ಹೆಚ್ಚು ಹತ್ತಿರವಾದದ್ದು ಇಟಲಿಯ ಪಲೆರ್ಮೊ ಕೊಟ್ಟ ತುಣುಕು. ಅದು ಆ ಆರನೆಯ ಫಲಕದಲ್ಲಿ ಕೂತ ಆರ್ಟೆಮಿಸ್ ದೇವಿಯ ಪಾದವೆಂದು ಹೇಳಲಾಗುವ ಚೂರು. 2022ರಲ್ಲಿ ಬಂದು ತನ್ನ ಜಾಗದಲ್ಲಿ ಕೂತಿದೆ. ಅಷ್ಟು ಸಣ್ಣ ಚೂರಿಗಾಗಿ ಒಂದು ದೇಶ ಅಷ್ಟು ಮಾಡಿತು.

ಇಲ್ಲಿ ಆಗದಿರುವುದಕ್ಕೆ ಮುಖ್ಯ ಕಾರಣ ಕಾನೂನು. 1963ರ ಕಾಯ್ದೆಯ 5ನೇ ಸೆಕ್ಷನ್ ಪ್ರಕಾರ, ಕೆಲವೇ ಸಂದರ್ಭಗಳನ್ನು ಬಿಟ್ಟರೆ, ಸಂಗ್ರಹದ ವಸ್ತುವನ್ನು ಪರಭಾರೆ ಮಾಡುವ ಅಧಿಕಾರ ಮ್ಯೂಸಿಯಮ್ಮಿನ ಟ್ರಸ್ಟಿಗಳಿಗಿಲ್ಲ. ಸರ್ಕಾರವನ್ನು ಕೇಳಿದರೆ ಟ್ರಸ್ಟಿಗಳತ್ತ ಬೆರಳು ತೋರಿಸುತ್ತದೆ, ಟ್ರಸ್ಟಿಗಳನ್ನು ಕೇಳಿದರೆ ಕಾಯ್ದೆಯತ್ತ ತೋರಿಸುತ್ತಾರೆ. ಸಾಲವಾಗಿ ಕೊಡಲು ಕಾಯ್ದೆಯಲ್ಲಿ ಅವಕಾಶವಿದೆ ನಿಜ, ಆದರೆ ಸಾಲ ಪಡೆಯುವವರು ಕೊಡುವವರ ಒಡೆತನವನ್ನು ಒಪ್ಪಬೇಕಾಗುತ್ತದೆ, ಗ್ರೀಸ್ ಅದಕ್ಕೆ ಒಪ್ಪುವಂತಿಲ್ಲ. ಈ ಗಂಟನ್ನು ಬಿಚ್ಚುವ ಶಕ್ತಿ ಇರುವುದು ನಿಮ್ಮ ಸದನಕ್ಕೆ ಮಾತ್ರ. ಸದನ ಇದನ್ನು ಹಿಂದೆಯೂ ಮಾಡಿದೆ. 2004ರ ಹ್ಯೂಮನ್ ಟಿಷ್ಯೂ ಕಾಯ್ದೆಯ ಮೂಲಕ ಮಾನವ ಅವಶೇಷಗಳನ್ನು ಅವರವರ ಜನಾಂಗಕ್ಕೆ ಮರಳಿಸಲು ದಾರಿ ಮಾಡಿತು, 2009ರಲ್ಲಿ ನಾಜಿಗಳ ಕಾಲದಲ್ಲಿ ಯಹೂದಿ ಕುಟುಂಬಗಳು ಕಳೆದುಕೊಂಡ ವಸ್ತುಗಳಿಗಾಗಿ ಪ್ರತ್ಯೇಕ ಕಾಯ್ದೆಯನ್ನೇ ತಂದಿತು. ಎರಡೂ ಸಲ ಮ್ಯೂಸಿಯಂಗಳು ಬರಿದಾಗಲಿಲ್ಲ.

ಆದ್ದರಿಂದ, ಪಾರ್ಥೆನಾನ್ ಮತ್ತು ಎರೆಕ್ಥಿಯಾನ್ ಶಿಲ್ಪಗಳ ಮಟ್ಟಿಗೆ ತೀರ್ಮಾನ ಕೈಗೊಳ್ಳುವ ಅಧಿಕಾರವನ್ನು ಟ್ರಸ್ಟಿಗಳಿಗೆ ಕೊಡುವಂಥ ಸೀಮಿತ ತಿದ್ದುಪಡಿಯನ್ನು ನೀವು ಬೆಂಬಲಿಸಬೇಕೆಂದೂ, ಅದಕ್ಕೆ ಸರ್ಕಾರದ ಅಡ್ಡಿಯಿದ್ದರೆ ಕಾರಣವೇನೆಂದು ಸಂಸ್ಕೃತಿ ಸಚಿವರಿಗೆ ಲಿಖಿತ ಪ್ರಶ್ನೆ ಕೇಳಬೇಕೆಂದೂ ವಿನಂತಿಸುತ್ತೇನೆ. ನಿಮ್ಮ ನಿಲುವು ನನ್ನದಕ್ಕಿಂತ ಬೇರೆಯಾಗಿದ್ದರೂ ದಯವಿಟ್ಟು ಕಾರಣಸಹಿತ ಉತ್ತರ ಬರೆಯಿರಿ. ಅದನ್ನು ಕನ್ನಡಕ್ಕೆ ತಂದು ಈ ಪತ್ರದಷ್ಟೇ ಬಹಿರಂಗವಾಗಿ ಪ್ರಕಟಿಸುತ್ತೇನೆ.

ಮುಂದಿನ ತಿಂಗಳು ನೀವು ಕ್ಷೇತ್ರದ ಜನರನ್ನು ಭೇಟಿ ಮಾಡುವ ದಿನ ನಾನೂ ಬರುತ್ತೇನೆ. ಲಂಡನ್ನಿನ ಐದನೆಯ ಫಲಕ ಮತ್ತು ಅಥೆನ್ಸಿನ ಆರನೆಯ ಫಲಕದ ಚಿತ್ರಗಳನ್ನು ಒಂದೇ ಅಳತೆಗೆ ಮುದ್ರಿಸಿಟ್ಟುಕೊಂಡಿದ್ದೇನೆ. ನಿಮ್ಮ ಮೇಜಿನ ಮೇಲೆ ಅವೆರಡನ್ನೂ ಅಂಚಿಗೆ ಅಂಚು ಕೂಡಿಸಿ ಇಡಲು ಹತ್ತು ನಿಮಿಷ ಕೊಡಿ.

ಗೌರವಗಳೊಂದಿಗೆ,
ನಿಮ್ಮ ಕ್ಷೇತ್ರದ ಮತದಾರ,
ಲಂಡನ್ನಿನಲ್ಲಿರುವ ಒಬ್ಬ ಕನ್ನಡಿಗ