ಡೊಲೊರೆಸ್ ದೆಲ್ ರಿಯೊ ಬಗ್ಗೆ ಬರೆಯುತ್ತಿರುವ ತಂಗಿಗೆ

ಪ್ರೀತಿಯ ತಂಗಿ,

ಮೆಕ್ಸಿಕನ್ ಚಿತ್ರನಟಿ ಡೊಲೊರೆಸ್ ಬಗೆಗಿನ ನಿನ್ನ ಲೇಖನದ ಕರಡು ಓದಿದೆ. ಮೊದಲ ಪುಟದಲ್ಲೇ ‘ಅಪ್ರತಿಮ ಸುಂದರಿ’ ಮೂರು ಸಲ ಬಂದಿದೆ. ಮೂರನ್ನೂ ಹೊಡೆದುಹಾಕು. 1904ರಲ್ಲಿ ಮೆಕ್ಸಿಕೋದ ದುರಾಂಗೊದಲ್ಲಿ ಹುಟ್ಟಿದ್ದು, ಅಪ್ಪನ ಬ್ಯಾಂಕು, ಮೆಕ್ಸಿಕನ್ ಕ್ರಾಂತಿಯ ಹೊಡೆತಕ್ಕೆ ಮನೆಮಂದಿ ಊರು ಬಿಟ್ಟದ್ದು ಆ ಜಾಗಕ್ಕೆ ಬರಲಿ.

ಹೆಸರಿನಲ್ಲಿ ಎಡವಿದ್ದೀಯ. ‘ದೆಲ್ ರಿಯೊ’ ತವರಿನದಲ್ಲ, 1921ರಲ್ಲಿ ಕೈಹಿಡಿದ ಹೈಮೆ ಮಾರ್ತಿನೆಸ್ ದೆಲ್ ರಿಯೊ ಕಡೆಯದು. ತವರಿನ ಹೆಸರು ಆಸುನ್ಸೊಲೊ. ಇಂಗ್ಲಿಷ್ ನೋಡಿಕೊಂಡು ‘ಜೈಮ್’ ಎಂದು ಬರೆದಿದ್ದೀಯ. ಸ್ಪ್ಯಾನಿಷ್‌ನ ಜೆ ನಮ್ಮ ಹಕಾರಕ್ಕೆ ಹತ್ತಿರ.

ಹಾಲಿವುಡ್ ವರ್ಷಗಳನ್ನು ಐದು ಪುಟ ಎಳೆದು, ಕೊನೆಗೆ ‘ಜನಪ್ರಿಯತೆ ಕುಗ್ಗಿತು’ ಎಂದು ಮುಗಿಸಿದ್ದೀಯ. ಯಾಕೆ ಕುಗ್ಗಿತು? 1928ರ ‘ರಮೋನಾ’ ಕಾಲದ ಮೂಕಿ ಚಿತ್ರಗಳಲ್ಲಿ ಉಚ್ಚಾರ ಯಾರ ಕಿವಿಗೂ ಬೀಳುತ್ತಿರಲಿಲ್ಲ. ಟಾಕಿ ಬಂದಮೇಲೆ ಬಿತ್ತು. 1932ರಲ್ಲಿ ಪಾಲಿನೇಷ್ಯದ ದ್ವೀಪಕನ್ಯೆ, 1933ರಲ್ಲಿ ಬ್ರೆಜಿಲ್‌ನ ಚೆಲುವೆ: ಯಾವ ದೇಶವಾದರೂ ಸರಿ, ಪರದೇಶದವಳಾದರೆ ಸಾಕು ಎನ್ನುವಂಥ ಪಾತ್ರಗಳು. ಇದನ್ನು ಒಂದು ಪುಟದಲ್ಲಿ ಹೇಳು. ಅಮೆರಿಕದ ನಟ-ನಿರ್ದೇಶಕ ಆರ್ಸನ್ ವೆಲ್ಸ್ ಜೊತೆಗಿನ ಪ್ರೇಮಕ್ಕೆ ಒಂದು ಸಾಲು ಹೆಚ್ಚೇ ಆಯಿತು.

ಉಳಿದ ಜಾಗವೆಲ್ಲ ಮೆಕ್ಸಿಕೋಗೆ ಮರಳಿದ ಮೇಲೆ ಮಾಡಿದ ಚಿತ್ರ ‘ಮರಿಯಾ ಕಾಂದೆಲಾರಿಯಾ’ಗೆ. ನಿರ್ದೇಶಕ ಎಮಿಲಿಯೊ ಫರ್ನಾಂದೆಸ್, ಕ್ಯಾಮೆರಾ ಗಾಬ್ರಿಯೆಲ್ ಫಿಗೆರೋವಾ. ಮೆಕ್ಸಿಕೋ ನಗರದ ಬದಿಯ ಸೊಚಿಮಿಲ್ಕೊದ ಕಾಲುವೆ, ಹೂ ತುಂಬಿದ ದೋಣಿ, ಎರಡು ಜಡೆ, ಬರಿಗಾಲು. ಕಥೆಯಲ್ಲಿ ಒಬ್ಬ ಕಲಾವಿದ ನಾಯಕಿ ಮರಿಯಾಳ ಮುಖ ಚಿತ್ರಿಸುತ್ತಾನೆ, ಬೆತ್ತಲೆ ಮೈ ಇನ್ನೊಬ್ಬಳದು. ಮೈಯೂ ಅವಳದೇ ಎಂದುಕೊಂಡ ಊರವರು ವಿಚಾರಿಸದೆ ಅವಳನ್ನು ಕಲ್ಲು ಹೊಡೆದು ಕೊಲ್ಲುತ್ತಾರೆ. ಸಿನಿಮಾ ಮಾಡಿದ್ದೂ ಅದೇ ಅಲ್ಲವೇ? ಮೂಲನಿವಾಸಿ ಹುಡುಗಿಯ ಬದುಕಿಗೆ ನಲವತ್ತರ ಅಂಚಿನ ಸಿರಿವಂತ ಮನೆತನದ ಮುಖ ಅಂಟಿಸಿತು. ಅಭಿನಯವನ್ನು ಹೊಗಳು, ಇದನ್ನೂ ಬರೆ.

ಇಸವಿಗಳನ್ನು ಬೇರೆ ಮಾಡು. ಚಿತ್ರೀಕರಣ 1943, ತೆರೆಗೆ ಬಂದದ್ದು 1944ರ ಜನವರಿ, ಫ್ರಾನ್ಸಿನ ಕಾನ್ ಚಿತ್ರೋತ್ಸವದ ದೊಡ್ಡ ಬಹುಮಾನ ಗ್ರಾಂ ಪ್ರಿ 1946. ನಿನ್ನ ಕರಡಿನಲ್ಲಿ ಮೂರೂ 1946ರಲ್ಲೇ ನಡೆದುಹೋಗಿವೆ. ಆ ಬಹುಮಾನ ಆ ಸಲ 11 ಚಿತ್ರಗಳಿಗೆ ಹಂಚಿಕೆಯಾಯಿತು. ಚೇತನ್ ಆನಂದರ ‘ನೀಚಾ ನಗರ್’ ಕೂಡ ಆ ಪಟ್ಟಿಯಲ್ಲಿದೆ. ನಮ್ಮ ಓದುಗರಿಗೆ ಹತ್ತಿರವಾಗುವ ಎಳೆ ಅದೊಂದೇ, ಅದನ್ನೇ ಬಿಟ್ಟಿದ್ದೀಯ.

1954ರ ಸಂಗತಿಯನ್ನು ಅಡಿಟಿಪ್ಪಣಿಗೆ ತಳ್ಳಬೇಡ. ಅಮೆರಿಕ ವೀಸಾ ಕೊಡದೆ ಹಾಲಿವುಡ್ ಚಿತ್ರ ‘ಬ್ರೋಕನ್ ಲ್ಯಾನ್ಸ್’ ಡೊಲೊರೆಸ್‌ಗೆ ಕೈತಪ್ಪಿತು. ಪಾತ್ರ ಇನ್ನೊಬ್ಬ ಮೆಕ್ಸಿಕನ್ ನಟಿ ಕಾತಿ ಹುರಾದೊಗೆ ಹೋಯಿತು, ಅದಕ್ಕೆ ಆಸ್ಕರ್ ನಾಮನಿರ್ದೇಶನವೂ ಬಂತು. ಎರಡನೇ ಕಂತು ಹುರಾದೊ ಮೇಲೆ ಬರೆಯುವುದಾದರೆ ಇಲ್ಲಿಂದಲೇ ಶುರುಮಾಡು.