ಕೆಂಪು ರಿಬ್ಬನ್ ಕಟ್ಟಿದ ಪೆಟ್ಟಿಗೆ

ಪ್ರೀತಿಯ ಸುರೇಶ,

ಮೊನ್ನೆ ಸಂಜೆಯ ಮಳೆಗೆ ಬಸವನಗುಡಿಯಲ್ಲಿ ಕರೆಂಟ್ ಹೋಯಿತು. ನೀನು ಕಳಿಸಿದ್ದ ನಿಕ್ ಕೇವ್‌ನ ‘ಟುಪೆಲೊ’ ಹಾಡನ್ನು ಮೊಬೈಲಿನಲ್ಲಿ ಹಾಕಿಕೊಂಡು ಕತ್ತಲಲ್ಲೇ ಕುಳಿತೆ. ಹಾಡು ಶುರುವಾಗುವುದೇ ಗುಡುಗಿನಿಂದ. ಯಾವ ಗುಡುಗು ಹಾಡಿನದು, ಯಾವುದು ಗಾಂಧಿ ಬಜಾರಿನ ಮೇಲಿನದು ಎಂದು ಸ್ವಲ್ಪ ಹೊತ್ತು ತಿಳಿಯಲಿಲ್ಲ. ಮುಗಿಯುವವರೆಗೂ ಕೂತಲ್ಲಿಂದ ಅಲ್ಲಾಡಲಿಲ್ಲ.

‘ರಾಕ್ ಗಾಯಕ ಎಲ್ವಿಸ್ ಪ್ರೀಸ್ಲಿಯ ಮೇಲಿನ ಹಾಡಂತೆ, ಅವನ ಹೆಸರೇ ಇಲ್ಲ, ಹೇಳಿರುವುದೂ ಸುಳ್ಳು’ ಎಂದು ಬರೆದಿದ್ದೆಯಲ್ಲ, ಅದು ಮನಸ್ಸಿನಲ್ಲಿ ಕುಳಿತುಬಿಟ್ಟಿದೆ.

ನಿನ್ನ ಲೆಕ್ಕ ಸರಿ. ಎಲ್ವಿಸ್ ಅಮೆರಿಕದ ಟುಪೆಲೊ ಊರಿನಲ್ಲಿ ಹುಟ್ಟಿದ 1935ರ ಜನವರಿ 8 ಮಂಗಳವಾರ; ಹಾಡಿನಲ್ಲಿ ಅದು ಭಾನುವಾರ. ಆ ಊರನ್ನು ಕೆಡವಿ, ಇನ್ನೂರಕ್ಕೂ ಹೆಚ್ಚು ಜನರನ್ನು ಕೊಂದ ಸುಂಟರಗಾಳಿ ಬಂದದ್ದು ಮರುವರ್ಷದ ಏಪ್ರಿಲ್‌ನಲ್ಲಿ. ಹಾಡಿನ ಮಳೆಯನ್ನು ನಿಕ್ ಕೇವ್ ತಂದಿದ್ದು ಅಮೆರಿಕದ ಹಾಡುಗಾರ ಜಾನ್ ಲೀ ಹೂಕರನ ಪ್ರವಾಹದ ಬ್ಲೂಸ್ ಹಾಡಿನಿಂದ. ಎಲ್ವಿಸ್ ತೀರಿಕೊಂಡದ್ದು 1977ರಲ್ಲಿ, ಈ ಹಾಡು ಬಂದದ್ದು 1985ರಲ್ಲಿ. ಹಾಡಿದವನು ಆಸ್ಟ್ರೇಲಿಯಾದವನು, ಧ್ವನಿಮುದ್ರಣ ನಡೆದದ್ದು ಬರ್ಲಿನ್‌ನಲ್ಲಿ.

ಆದರೆ ಸುರೇಶ, ನನ್ನ ಅಜ್ಜಿಯ ಊರು ಮಳವಳ್ಳಿ ಕಡೆಯದು. ಅಲ್ಲಿ ನೀಲಗಾರರು ತಂಬೂರಿ ಹಿಡಿದು ರಾತ್ರಿಯಿಡೀ ಮಂಟೇಸ್ವಾಮಿಯ ಕಥೆ ಹಾಡುವಾಗ ಯಾರೂ ತಾರೀಖು ಕೇಳುತ್ತಿರಲಿಲ್ಲ. 2006ರ ಏಪ್ರಿಲ್‌ನಲ್ಲಿ ಅಣ್ಣಾವ್ರು ಹೋದಾಗ, ನಮ್ಮ ಬೀದಿಯಲ್ಲಿ ಹೂವು ಮಾರುವ ಮುದುಕಿ ‘ಇವತ್ತು ಬೆಳಗಿನಿಂದ ಒಂದು ಕಾಗೆಯೂ ಕೂಗಲಿಲ್ಲ’ ಎಂದು ಕಂಡಕಂಡವರಿಗೆಲ್ಲ ಹೇಳಿದಳು. ಕಾಗೆ ಕೂಗಿತ್ತು, ನಾನೇ ಕೇಳಿದ್ದೆ. ಆದರೂ ಅವಳಿಗೆ ಎದುರಾಡಲು ಬಾಯಿ ಬರಲಿಲ್ಲ. ಟುಪೆಲೊದ ಕೋಳಿ ಮೊಟ್ಟೆ ಇಡಲಾರದೆ ಹೋಯಿತು ಎಂದು ಈ ಹಾಡಿನಲ್ಲಿ ಬಂದಾಗ ನನಗೆ ನೆನಪಾದದ್ದು ಅವಳು, ಅವಳ ಮೊಣಕೈಯಲ್ಲಿ ಅಳೆದಿಟ್ಟ ಮಲ್ಲಿಗೆ.

ಇನ್ನೊಂದು ಮಾತು. ಎಲ್ವಿಸ್ ಅವಳಿಗಳಲ್ಲಿ ಎರಡನೆಯವನು. ಅವನಿಗಿಂತ ಅರ್ಧ ಗಂಟೆ ಮೊದಲು ಬಂದ ಅಣ್ಣ ಜೆಸ್ಸಿಗೆ ಜೀವವಿರಲಿಲ್ಲ. ಎರಡೇ ಕೋಣೆಯ ಮನೆ, ಅದೂ ತಂದೆ ಸಾಲ ತಂದು ಕಟ್ಟಿದ್ದು. ಹಾಡಿನಲ್ಲಿ ತಗಡಿನ ಸೂರು ಸೋರುತ್ತದೆ, ಸತ್ತ ಮಗು ಕೆಂಪು ರಿಬ್ಬನ್ ಕಟ್ಟಿದ ಶೂ ಪೆಟ್ಟಿಗೆಯಲ್ಲಿರುತ್ತದೆ. ಎಲ್ವಿಸ್‌ನನ್ನು ಜನ ಕರೆಯುತ್ತಿದ್ದದ್ದೇ ‘ರಾಜ’ ಎಂದು. ಆ ರಾಜ ಬರುತ್ತಾನೆಂದು ಊರೆಲ್ಲ ಸಾರುವ ಹಾಡು ಆ ಪೆಟ್ಟಿಗೆಯನ್ನು ದಾಟಿಕೊಂಡು ಹೋಗುವುದಿಲ್ಲ. ಆ ಆಲ್ಬಮ್ಮಿಗೆ ಇಟ್ಟ ಹೆಸರೇ ಚೊಚ್ಚಲ ಮಗು ಸತ್ತಿತು ಎಂದು. ಎಲ್ವಿಸ್‌ನ ಚಿತ್ರ, ಬೊಂಬೆ, ವೇಷಧಾರಿಗಳು ಎಲ್ಲ ಕಡೆ ತುಂಬಿದ್ದ ಕಾಲದಲ್ಲಿ ಒಬ್ಬ ಹಾಡುಗಾರ ಆ ಮಗುವನ್ನು ಹುಡುಕಿಕೊಂಡು ಹೋದನಲ್ಲ, ಅದಕ್ಕಾಗಿ ಅವನು ಹೇಳಿದ ಸುಳ್ಳುಗಳನ್ನೆಲ್ಲ ನಾನು ಒಪ್ಪುತ್ತೇನೆ.

ನಿನಗೆ ಹಿಂದೆ ಹೇಳಿದ್ದೇನೋ ಇಲ್ಲವೋ. ಮಕ್ಕಳೆಷ್ಟು ಎಂದು ಯಾರಾದರೂ ಕೇಳಿದರೆ ನನ್ನ ಅಜ್ಜಿ ‘ಆರು’ ಎನ್ನುತ್ತಿದ್ದಳು. ನಾವು ನೋಡಿದ್ದು ಐವರನ್ನು. ಮೊದಲನೆಯದಕ್ಕೆ ಹೆಸರಿಟ್ಟಿರಲಿಲ್ಲ.

ಭಾನುವಾರ ಮನೆಗೆ ಬಾ. ಆ ಪೆಟ್ಟಿಗೆಯ ಸಾಲು ಬರುವಲ್ಲಿಂದ ಇನ್ನೊಮ್ಮೆ ಕೇಳೋಣ.

ನಿನ್ನ,
ಗೆಳೆಯ