ಗೆಳೆತನಕ್ಕೆ ನೆಪವೂ ಬೇಕು, ಕೂರಲು ಜಾಗವೂ ಬೇಕು

ಮಾನ್ಯ ಸಂಪಾದಕರೇ,

ಜನರ ನಡುವಿನ ಒಡನಾಟ ಕಡಿಮೆಯಾಗುತ್ತಿದೆ ಎಂದು ಕೊರಗುವ ಪತ್ರಗಳು ಓದುಗರ ಅಂಕಣದಲ್ಲಿ ಆಗಾಗ ಬರುತ್ತಿರುತ್ತವೆ. ಬಹುಪಾಲು ಪತ್ರಗಳಲ್ಲಿ ಅಪರಾಧಿ ಒಬ್ಬನೇ: ಮೊಬೈಲ್ ಫೋನು. ಅದನ್ನು ಬದಿಗಿಟ್ಟರೆ ಸ್ನೇಹಗಳು ತಾವಾಗಿಯೇ ಚಿಗುರುತ್ತವೆ ಎಂಬ ಧಾಟಿಯಲ್ಲಿ ಕೊನೆಗೊಂದು ಬುದ್ಧಿಮಾತೂ ಇರುತ್ತದೆ. ಹೈಸ್ಕೂಲು ಮಕ್ಕಳಿಗೆ ಪಾಠ ಹೇಳಿ ನಿವೃತ್ತಳಾದ ನನಗೆ ಬುದ್ಧಿಮಾತಿನ ಮೇಲೆ ಹೆಚ್ಚಿನ ನಂಬಿಕೆ ಉಳಿದಿಲ್ಲ. ಫೋನು ಕೆಳಗಿಟ್ಟವರು ಎದ್ದು ಎಲ್ಲಿಗೆ ಹೋಗಬೇಕು, ಯಾವ ನೆಪ ಹೇಳಿಕೊಂಡು ಯಾರ ಮನೆಯ ಬಾಗಿಲು ತಟ್ಟಬೇಕು ಎಂಬುದನ್ನು ಯಾರೂ ಹೇಳುತ್ತಿಲ್ಲವಾದ್ದರಿಂದ ಈ ಪತ್ರ ಬರೆಯುತ್ತಿದ್ದೇನೆ.

ಫೋನಿಗೆ ಸಲ್ಲಬೇಕಾದ್ದನ್ನು ಮೊದಲು ಸಲ್ಲಿಸಿಬಿಡುವುದು ನ್ಯಾಯ. 2009ರಲ್ಲಿ ಶುರುವಾದ ವಾಟ್ಸ್‌ಆ್ಯಪ್ ಇಲ್ಲದಿದ್ದರೆ, ಮದುವೆಯಾಗಿ ಊರು, ವಿಳಾಸ, ಎಷ್ಟೋ ಸಲ ಹೆಸರನ್ನೂ ಬದಲಿಸಿಕೊಂಡ ನಮ್ಮ ಕಾಲದ ಹೆಣ್ಣುಮಕ್ಕಳು ತಮ್ಮ ಎಸ್ಸೆಸ್ಸೆಲ್ಸಿ ಗೆಳತಿಯರನ್ನು ಮತ್ತೆ ಪತ್ತೆ ಹಚ್ಚುವುದು ಆಗದ ಮಾತಾಗಿತ್ತು. ಇನ್‌ಲ್ಯಾಂಡ್ ಲೆಟರುಗಳಲ್ಲಿ ಒಂದೆರಡು ವರ್ಷ ಕುಂಟುತ್ತಾ ಸಾಗಿ, ಮೊದಲ ಮಗುವಿನ ಹೊತ್ತಿಗೆ ನಿಂತುಹೋದ ಸ್ನೇಹಗಳು ಅವು. ಕಿವಿ ಕೇಳದವರು ದೂರದ ಊರಿನ ಗೆಳೆಯರೊಡನೆ ಸನ್ನೆಭಾಷೆಯಲ್ಲಿ ಮನಸ್ಸು ಬಿಚ್ಚಿ ಮಾತನಾಡಲು ಸಾಧ್ಯವಾದದ್ದೂ ವಿಡಿಯೊ ಕರೆ ಬಂದ ಮೇಲೆಯೇ. ಹಳೆಯ ಟೆಲಿಫೋನು ಅವರ ಪಾಲಿಗೆ ಇದ್ದೂ ಇಲ್ಲದಂತಿತ್ತು.

ನಷ್ಟವಾಗಿರುವುದು ಬೇರೆ ಕಡೆ. ಸಂಕ್ರಾಂತಿಯ ಸಂಜೆ ರೇಷ್ಮೆ ಲಂಗ ಉಟ್ಟ ಹುಡುಗಿಯರು ತಟ್ಟೆಯಲ್ಲಿ ಎಳ್ಳು-ಬೆಲ್ಲದ ಪೊಟ್ಟಣ, ಸಕ್ಕರೆ ಅಚ್ಚು, ಕಬ್ಬಿನ ತುಂಡು, ಬಾಳೆಹಣ್ಣು ಜೋಡಿಸಿಕೊಂಡು, ಮೇಲೊಂದು ಕ್ರೋಶಾ ಬಟ್ಟೆ ಮುಚ್ಚಿ, ಬೀದಿಯಲ್ಲೆಲ್ಲ ಎಳ್ಳು ಬೀರಿ ಬರುತ್ತಿದ್ದರು. ದಸರೆಯಲ್ಲಿ ಮಕ್ಕಳು ಗೇಟಿನ ಬಳಿ ನಿಂತು "ರೀ, ಗೊಂಬೆ ಕೂರ್ಸಿದೀರಾ?" ಎಂದು ಕೂಗಿ, ಒಳಗೆ ಬಂದು ಗೊಂಬೆ ನೋಡಿ, ಬರದ ರಾಗದಲ್ಲಿ ಒಂದು ಹಾಡು ಹೇಳಿ, ಚರ್ಪು ಎಂಬ ಗೊಂಬೆ ಹಬ್ಬದ ತಿಂಡಿ ಇಸಿದುಕೊಂಡು ಮುಂದಿನ ಮನೆಗೆ ಓಡುತ್ತಿದ್ದರು. ಯಾರ ಮನೆಯಲ್ಲಿ ಬಾಣಂತಿ ಇದ್ದಾಳೆ, ಯಾರ ಯಜಮಾನರಿಗೆ ಹುಷಾರಿಲ್ಲ, ಮಹಡಿಗೆ ಬಾಡಿಗೆಗೆ ಬಂದವರು ಯಾವ ಊರಿನವರು ಎಂಬುದೆಲ್ಲ ಆ ಎರಡು ನಿಮಿಷದಲ್ಲಿ ಬಾಗಿಲಲ್ಲೇ ತಿಳಿದುಬಿಡುತ್ತಿತ್ತು. ಎಲ್ಲರ ಮನೆಗೆ ಎಲ್ಲರೂ ಹೋಗುತ್ತಿದ್ದರೆಂದು ಸುಳ್ಳು ಹೇಳಲಾರೆ. "ನೀವು ಯಾವ ಜನ?" ಎಂಬ ವಿಚಾರಣೆ ಅನೇಕ ಹೊಸಿಲುಗಳ ಮೇಲೆ ನಡೆಯುತ್ತಿತ್ತು, ಆ ಮಟ್ಟಿಗೆ ಇಂದಿನ ಗುಂಪುಗಳು ಎಷ್ಟೋ ವಾಸಿ. ಆದರೆ ಈಗ ಎಳ್ಳು-ಬೆಲ್ಲದ ಚಿತ್ರ ಬೆಳಗಾಗುವ ಮುನ್ನವೇ ಫೋನಿಗೆ ಬಂದು ಬೀಳುತ್ತದೆ, ಗೊಂಬೆಗಳ ಫೋಟೊ ಸ್ಟೇಟಸ್‌ನಲ್ಲಿರುತ್ತದೆ. ನೋಡಿಯಾಯಿತಲ್ಲ, ಇನ್ನು ಹೋಗುವುದೇಕೆ ಎಂದು ಅನ್ನಿಸುವುದು ಸಹಜವೇ. ಭೇಟಿಗೆ ಕಾರಣವಾಗುತ್ತಿದ್ದ ಸುದ್ದಿ ಭೇಟಿಗಿಂತ ಮೊದಲೇ ತಲುಪಿಬಿಟ್ಟರೆ ಭೇಟಿಗೆ ನೆಪವೇ ಉಳಿಯುವುದಿಲ್ಲ.

ಕಳೆದ ಮಳೆಗಾಲದಲ್ಲಿ ನಮ್ಮ ಅಡ್ಡರಸ್ತೆಯ ಹಿರಿಯರೊಬ್ಬರು ತೀರಿಕೊಂಡರು. ನಿವಾಸಿಗಳ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಮಧ್ಯಾಹ್ನದವರೆಗೂ "ಓಂ ಶಾಂತಿ", ಮುಗಿದ ಕೈಗಳು, ಉರಿಯುವ ದೀಪ ಒಂದರ ಕೆಳಗೊಂದು ಬರುತ್ತಲೇ ಇದ್ದವು. ನಡುವೆ ಒಬ್ಬರು ಕಾವೇರಿ ನೀರು ಎಷ್ಟು ಹೊತ್ತಿಗೆ ಬಿಡುತ್ತಾರೆಂದು ಕೇಳಿದರು, ಇನ್ನೊಬ್ಬರು ಉತ್ತರವನ್ನೂ ಕೊಟ್ಟರು. ಆ ಮನೆಯ ಮುಂದೆ ಶಾಮಿಯಾನದ ಕೆಳಗೆ ತಂದು ಹಾಕಿದ್ದ ಪ್ಲಾಸ್ಟಿಕ್ ಕುರ್ಚಿಗಳು ಬಹುಮಟ್ಟಿಗೆ ಖಾಲಿಯಾಗಿದ್ದವು. ನಮ್ಮ ಬೀದಿಯವರು ಕಲ್ಲು ಮನಸ್ಸಿನವರೇನಲ್ಲ. ಸಂತಾಪ ಹೇಳಿಯಾಯಿತೆಂಬ ಸಮಾಧಾನ ಬೆರಳ ತುದಿಯಲ್ಲೇ ಸಿಕ್ಕಿಬಿಟ್ಟಿದ್ದರಿಂದ ಚಪ್ಪಲಿ ಮೆಟ್ಟಿ ಹೊರಡುವ ಅಗತ್ಯ ಅವರಿಗೆ ಕಾಣಲಿಲ್ಲ, ಅಷ್ಟೆ. ಗುಂಪುಗಳನ್ನು ನಡೆಸುವವರು ಇಂತಹ ಸುದ್ದಿ ಹಾಕುವಾಗ ಮನೆಯ ಗುರುತು ಮತ್ತು ಹೋಗಿ ಕಾಣಬಹುದಾದ ಹೊತ್ತನ್ನು ತಿಳಿಸಿ, ಅದರ ಕೆಳಗೆ ಚಿತ್ರಗಳು ಬೇಡವೆಂದು ವಿನಂತಿಸಿಕೊಂಡರೆ ಅಷ್ಟರಿಂದಲೇ ಎಷ್ಟೋ ವ್ಯತ್ಯಾಸವಾದೀತು.

ಸ್ನೇಹಕ್ಕೆ ನೆಪದಷ್ಟೇ ಮುಖ್ಯವಾದದ್ದು ಸಮಯ. ಅಮೆರಿಕದ ಕಾನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ 2018ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಬರೀ ಮುಖಪರಿಚಯ ಸಾಧಾರಣ ಸ್ನೇಹವಾಗಲು ಸುಮಾರು 50 ಗಂಟೆಗಳ ಒಡನಾಟ ಬೇಕು. ಆಪ್ತ ಸ್ನೇಹವಾಗಲು 200 ಗಂಟೆಗೂ ಹೆಚ್ಚು ಬೇಕು. ಒಟ್ಟಿಗೆ ಕೆಲಸ ಮಾಡುತ್ತಾ ಕಳೆದ ಗಂಟೆಗಳಿಂದ ಆಪ್ತತೆ ಅಷ್ಟಾಗಿ ಬೆಳೆಯುವುದಿಲ್ಲ, ಸುಮ್ಮನೆ ಹರಟುತ್ತಾ ಕಳೆದ ಗಂಟೆಗಳೇ ಗಣನೆಗೆ ಬರುತ್ತವೆ ಎಂಬುದನ್ನೂ ಅವರು ಕಂಡುಕೊಂಡಿದ್ದಾರೆ. 10 ಕಿಲೋಮೀಟರ್ ದಾಟಲು ಅರ್ಧ ಗಂಟೆಗೂ ಮೀರಿ ಹಿಡಿಯುವ ಬೆಂಗಳೂರಿನಲ್ಲಿ ಈ 200 ಗಂಟೆಗಳನ್ನು ಎಲ್ಲಿಂದ ತರುವುದು? ಯಲಹಂಕದವರು ಜಯನಗರದ ಗೆಳೆಯರನ್ನು ನೋಡಬೇಕೆಂದರೆ ಇಡೀ ಭಾನುವಾರ ಎತ್ತಿಡಬೇಕು. ಒಂದು ಬೈ-ಟು ಕಾಫಿ ಹೇಳಿ ಗಂಟೆಗಟ್ಟಲೆ ಕೂತು ಹರಟುತ್ತಿದ್ದ ಹೋಟೆಲುಗಳ ಜಾಗದಲ್ಲಿ ನಿಂತೇ ತಿಂದು ಹೊರಡುವ ದರ್ಶಿನಿಗಳು ಬಂದಿವೆ. ಕುರ್ಚಿ, ತಂಪುಗಾಳಿ ಎರಡೂ ಇರುವ ಕಡೆ ಒಂದು ಲೋಟ ಕಾಫಿಗೆ ಕೊಡುವ ಹಣದಲ್ಲಿ ಮನೆಗೆ ಎರಡು ದಿನದ ತರಕಾರಿ ಬರುತ್ತದೆ. ಇಂಥಲ್ಲಿ ಕಾಸು ಬಿಚ್ಚದೆ, ಪ್ರಯಾಣವಿಲ್ಲದೆ, ಯಾವ ಹೊತ್ತಿನಲ್ಲಾದರೂ ತೆರೆದಿರುವ ತಾಣವೆಂದರೆ ಅಂಗೈಯಲ್ಲಿರುವ ಫೋನು ಮಾತ್ರ ಎಂದಾದಾಗ ಜನ ಅದಕ್ಕೇ ಮುಗಿಬೀಳುತ್ತಾರೆ.

ಇದು ಮುದುಕರ ಗೊಣಗಾಟವೆಂದು ತಳ್ಳಿಹಾಕುವವರಿಗಾಗಿ ಒಂದು ಮಾತು. ವಿಶ್ವ ಆರೋಗ್ಯ ಸಂಸ್ಥೆ ನೇಮಿಸಿದ ಸಾಮಾಜಿಕ ಸಂಪರ್ಕ ಆಯೋಗವು 2025ರ ಜೂನ್‌ನಲ್ಲಿ ನೀಡಿದ ವರದಿಯ ಪ್ರಕಾರ ಜಗತ್ತಿನಲ್ಲಿ ಆರು ಜನರಲ್ಲಿ ಒಬ್ಬರನ್ನು ಒಂಟಿತನ ಕಾಡುತ್ತಿದೆ, ಅದರಲ್ಲೂ ಹದಿಹರೆಯದವರನ್ನು ಹೆಚ್ಚಾಗಿ. ಆ ಆಯೋಗದ ಸಹ ಅಧ್ಯಕ್ಷರಾಗಿದ್ದ ವಿವೇಕ್ ಮೂರ್ತಿ ಅವರ ಕುಟುಂಬದ ಮೂಲ ನಮ್ಮ ಮಂಡ್ಯ ಜಿಲ್ಲೆಯ ಹಲ್ಲೇಗೆರೆ. ಅಮೆರಿಕದ ಸರ್ಜನ್ ಜನರಲ್, ಅಂದರೆ ಸಾರ್ವಜನಿಕ ಆರೋಗ್ಯದ ಬಗ್ಗೆ ಆ ದೇಶದ ಜನರಿಗೆ ಸಲಹೆ ನೀಡುವ ಉನ್ನತ ವೈದ್ಯಾಧಿಕಾರಿ, ಆಗಿದ್ದಾಗ, 2023ರಲ್ಲಿ, ಜನಸಂಪರ್ಕವಿಲ್ಲದ ಬದುಕು ದಿನಕ್ಕೆ 15 ಸಿಗರೇಟು ಸೇದುವಷ್ಟು ಹಾನಿ ಮಾಡಬಲ್ಲದೆಂದು ಎಚ್ಚರಿಸಿದವರು ಅವರು. ತಂತ್ರಜ್ಞಾನದ ಗೀಳು ಹತ್ತಿದವರಿಗಾಗಿ ನಮ್ಮ ನಿಮ್ಹಾನ್ಸ್ 2014ರಲ್ಲೇ ಪ್ರತ್ಯೇಕ ಚಿಕಿತ್ಸಾಲಯ ತೆರೆದಿದೆ. ಬೇರೆ ಊರುಗಳಿಂದ ಕೆಲಸಕ್ಕೆ ಬಂದು ಪಿ.ಜಿ.ಗಳಲ್ಲಿರುವ ಮಕ್ಕಳನ್ನು ನೋಡಿದರೆ ಈ ಸಮಸ್ಯೆ ಯಾರದೆಂದು ತಿಳಿಯುತ್ತದೆ. ಒಂದೇ ಕೋಣೆಯಲ್ಲಿ ಮೂರು ಮಂಚ, ಮೂರು ಜೊತೆ ಇಯರ್‌ಫೋನು. ಊರಲ್ಲಿರುವ ಅಮ್ಮನೊಡನೆ ದಿನಕ್ಕೆ ಎರಡು ಸಲ ಮಾತನಾಡುವ ಹುಡುಗನಿಗೆ ಪಕ್ಕದ ಮಂಚದವನ ಊರು ಯಾವುದೆಂದು ಗೊತ್ತಿರುವುದಿಲ್ಲ.

ಅದೇ ಯುವಜನರು ಅದೇ ಫೋನನ್ನು ಹಿಡಿದು ಬೇರೆ ದಾರಿಯನ್ನೂ ಕಂಡುಕೊಂಡಿದ್ದಾರೆ. ಕಬ್ಬನ್ ಉದ್ಯಾನದಲ್ಲಿ ಶನಿವಾರ ಬೆಳಿಗ್ಗೆ ಮರದ ನೆರಳಿನಲ್ಲಿ ಚಾಪೆ ಹಾಸಿಕೊಂಡು ಮೌನವಾಗಿ ಪುಸ್ತಕ ಓದುವ "ಕಬ್ಬನ್ ರೀಡ್ಸ್" ಬಳಗದ ಸುದ್ದಿ ಹರಡಿದ್ದು ಇನ್‌ಸ್ಟಾಗ್ರಾಂನಲ್ಲಿ. ಅಲ್ಲಿ ಚಂದಾ ಇಲ್ಲ, ಮಾತನಾಡಲೇಬೇಕೆಂಬ ಬಲವಂತವೂ ಇಲ್ಲ, ಹೊತ್ತು ಕಳೆಯಲು ಒಂದು ನೆಪ ಮತ್ತು ನೆರಳಿರುವ ಜಾಗ ಇದೆ. ಜಾಗ ಸಿಕ್ಕಿದರೆ ಸಾಮಾಜಿಕ ಜಾಲತಾಣವೇ ಜನರನ್ನು ಮನೆಯಿಂದ ಹೊರಗೆ ಕರೆತರುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಕಂಡಿಲ್ಲ. ಆದರೆ ನಗರಕ್ಕೆ ಕಬ್ಬನ್ ಉದ್ಯಾನ ಇರುವುದು ಒಂದೇ.

ಆದ್ದರಿಂದ ನನ್ನ ಮನವಿ ಫೋನು ಹಿಡಿದವರಿಗಲ್ಲ, ನಗರವನ್ನು ಆಳುವವರಿಗೆ. 2025ರ ಸೆಪ್ಟೆಂಬರ್‌ನಲ್ಲಿ ಬಿಬಿಎಂಪಿ ಹೋಗಿ ಗ್ರೇಟರ್ ಬೆಂಗಳೂರು ಪ್ರಾಧಿಕಾರದ ಅಡಿಯಲ್ಲಿ ಐದು ನಗರ ಪಾಲಿಕೆಗಳು ಬಂದಿವೆ. ನಮ್ಮ ಬಡಾವಣೆಗಳ ಉದ್ಯಾನಗಳಲ್ಲಿ ನಡೆಯುವವರಿಗೆ ಹಾದಿ ಇದೆ, ವ್ಯಾಯಾಮದ ಉಪಕರಣಗಳಿವೆ; ನಾಲ್ಕು ಜನ ಎದುರುಬದುರು ಕೂತು ಮಾತನಾಡುವಂತಹ ಕಟ್ಟೆಗಳು ಮಾತ್ರ ಅಪರೂಪ. ಇರುವ ಬೆಂಚುಗಳು ಬಸ್ಸಿನ ಸೀಟುಗಳಂತೆ ಒಂದೇ ದಿಕ್ಕಿಗೆ ಮುಖ ಮಾಡಿವೆ. ಬೇವಿನ ಮರವೋ ಹೊಂಗೆಯೋ ಇರುವ ಕಡೆ ಸುತ್ತಲೂ ಕಲ್ಲಿನ ಕಟ್ಟೆ ಕಟ್ಟಲು ದೊಡ್ಡ ಯೋಜನೆಯೇನೂ ಬೇಕಾಗಿಲ್ಲ. ಇನ್ನು, 1965ರ ಕರ್ನಾಟಕ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯಂತೆ ಆಸ್ತಿ ತೆರಿಗೆಯ ಜೊತೆಗೆ ಶೇ 6ರಷ್ಟು ಗ್ರಂಥಾಲಯ ಕರವನ್ನು ನಾಗರಿಕರು ಕಟ್ಟುತ್ತಲೇ ಇದ್ದಾರೆ. ಆ ಹಣ ಬಾಕಿ ಉಳಿಯದೆ ಗ್ರಂಥಾಲಯ ಇಲಾಖೆಗೆ ತಲುಪಿ, ಪ್ರತಿ ಶಾಖಾ ಗ್ರಂಥಾಲಯದಲ್ಲೂ ಓದುವ ಕೋಣೆಯ ಜೊತೆಗೆ, ದನಿಯೆತ್ತಿ ಮಾತನಾಡಬಹುದಾದ ಇನ್ನೊಂದು ಕೋಣೆಯನ್ನು ರಾತ್ರಿ ಒಂಬತ್ತರವರೆಗೆ ತೆರೆದಿಡುವಂತಾಗಬೇಕು. ಮುಂದಿನ ಬಜೆಟ್ ಸಿದ್ಧಪಡಿಸುವಾಗ ಐದೂ ಪಾಲಿಕೆಗಳ ಆಯುಕ್ತರು ಈ ಎರಡು ಕೆಲಸಗಳಿಗೆ ಹಣ ತೆಗೆದಿರಿಸಬೇಕೆಂದು ತಮ್ಮ ಪತ್ರಿಕೆಯ ಮೂಲಕ ಕೋರುತ್ತೇನೆ.

ತಮ್ಮ ವಿಶ್ವಾಸಿ,
ನಿವೃತ್ತ ಪ್ರೌಢಶಾಲಾ ಶಿಕ್ಷಕಿ,
ಬೆಂಗಳೂರು